ಸೂಪಾ ದಾರಿಯಲ್ಲಿ ಒಂದು ದಿನ

ನಮ್ಮ ಅಕ್ಕನ ಮಗನು ಉದ್ಯೋಗದ ನಿಮಿತ್ತ ಯುರೋಪಿನಲ್ಲಿರುವವನು. ಅವನು ಐಸ್‌ಲ್ಯಾಂಡ್ ದ್ವೀಪವನ್ನು ನೋಡಿಬಂದು ಅಲ್ಲಿಯ ಚಿತ್ರಗಳನ್ನು ನಮಗೆ ಕಳುಹಿಸಿದನು. ಆ ದೇಶದ ರಾಜಧಾನಿಯಾದ ರೇಕ್ಯಾವಿಕ್ ನಗರದಲ್ಲಿ ಬೆಳಿಗ್ಗೆ ಬಸ್ಸು ಹತ್ತಿದರೆ ಸಾಕಂತೆ. ಮಾರ್ಗದರ್ಶಿಯೊಬ್ಬನು ಸಂಗಡ ಬಂದು, ಒಂದೇ ದಿನದಲ್ಲಿ ಹಿಮನದಿಯನ್ನೂ, ಸ್ಕೋಗಾಫಾಸ್ ಎಂಬ ಇನ್ನೂರು ಅಡಿಯ ಜಲಪಾತವನ್ನೂ, ಜ್ವಾಲಾಮುಖಿಯ ಕಲ್ಲು ನುರಿದು ಆದ ಕರಿಮರಳಿನ ಕಡಲದಂಡೆಯನ್ನೂ ತೋರಿಸಿ, ರಾತ್ರಿಯ ಹೊತ್ತಿಗೆ ಬಿಡಾರಕ್ಕೆ ಮರಳಿ ಮುಟ್ಟಿಸುವನಂತೆ. ಮನೆಮಂದಿಯೆಲ್ಲ ಸುತ್ತ ಕುಳಿತು ಆ ಚಿತ್ರಗಳನ್ನು ನೋಡಿದೆವು.

ನಮ್ಮ ತಾಯಿಯವರಿಗೆ ಮಾತ್ರ ಅವು ಅಷ್ಟೇನೂ ಸೋಜಿಗವೆನಿಸಲಿಲ್ಲ. ನಮ್ಮ ಮನೆಮಾತು ಕೊಂಕಣಿಯಾದುದರಿಂದ ನಾವು ಅವರನ್ನು ಆಯಿ ಎಂದು ಕರೆಯುವ ರೂಢಿ. ಕರಿಮರಳನ್ನು ಕಂಡು ಆಯಿ, "ಇದಕ್ಕಾಗಿ ಅಷ್ಟು ದೂರ ಹೋಗಬೇಕೆ? ಕಾರವಾರದ ಮಾಜಾಳಿಯ ಆಚೆಗೆ ತಿಳಮಾತಿಯ ದಂಡೆಯಲ್ಲಿ ಎಳ್ಳು ಚೆಲ್ಲಿದಂಥ ಮರಳೇ ಇದೆಯಲ್ಲ!" ಎಂದರು. ಜಲಪಾತಕ್ಕೂ ಇಂಥದೇ ಮಾತು. ಆದರೆ ಕೊನೆಯ ಚಿತ್ರವೊಂದನ್ನು ಕುರಿತು ಹುಡುಗನು ಫೋನಿನಲ್ಲಿ ಹೇಳಿದ ಸಂಗತಿಯು ಅವರ ಮನಸ್ಸಿಗೆ ತಾಕಿತು. ಓಕ್ ಎಂಬ ಹಿಮನದಿಯು ವರ್ಷವರ್ಷವೂ ಕರಗಿ, ಇನ್ನು ಅದನ್ನು ಹಿಮನದಿಯೆಂದು ಕರೆಯಲಾಗದೆಂದು 2014ರಲ್ಲಿ ಅಲ್ಲಿಯ ವಿಜ್ಞಾನಿಗಳು ತೀರ್ಮಾನಿಸಿದರು. 2019ರ ಆಗಸ್ಟಿನಲ್ಲಿ ಜನರು ಬೆಟ್ಟವನ್ನೇರಿ, ಅದರ ನೆನಪಿಗಾಗಿ ಬಂಡೆಯ ಮೇಲೆ ಫಲಕವೊಂದನ್ನು ಕೂರಿಸಿದರು.

"ಕರಗಿಹೋದ ನೀರಿಗೂ ನೆನಪಿನ ಕಲ್ಲೇ?" ಎಂದು ಆಯಿ ಕೇಳಿದರು. ಮತ್ತೆ ಮಾತಾಡಲಿಲ್ಲ. ಅಂದು ರಾತ್ರಿ ಊಟವಾದ ಮೇಲೆ, ಅಡಕೆ ಕತ್ತರಿಸುತ್ತ, ತಲೆಯೆತ್ತದೆಯೇ, "ಒಮ್ಮೆ ಸೂಪಾಕ್ಕೆ ಹೋಗಿಬರೋಣವೇ?" ಎಂದರು.

ಈ ಮಾತಿನ ಭಾರವು ವಾಚಕರಿಗೆ ತಿಳಿಯಬೇಕಾದರೆ ಸೂಪಾ ಎಲ್ಲಿದೆ, ಅಥವಾ ಎಲ್ಲಿತ್ತು, ಎಂಬುದನ್ನು ಹೇಳಬೇಕು. ಉತ್ತರ ಕನ್ನಡ ಜಿಲ್ಲೆಯಲ್ಲಿ ಕಾಳಿ ಮತ್ತು ಪಾಂಢರಿ ನದಿಗಳು ಕೂಡುವೆಡೆಯಲ್ಲಿದ್ದ ತಾಲೂಕಿನ ಊರು ಅದು. ಕಾಳಿಗೆ ಅಲ್ಲಿ ಅಣೆಕಟ್ಟು ಕಟ್ಟಿದುದರಿಂದ ಊರು ನೀರೊಳಗಾಯಿತು. ಕಚೇರಿಗಳು ಜೋಯಿಡಾಕ್ಕೆ ಹೋದವು. ಜನರಲ್ಲಿ ಅನೇಕರು ರಾಮನಗರದಲ್ಲಿ ನೆಲೆಗೊಂಡರು. ಆಯಿ ಹುಟ್ಟಿದ್ದು ಆ ಊರಲ್ಲಿ. 1968ರಲ್ಲಿ ಮದುವೆಯಾಗಿ ಧಾರವಾಡಕ್ಕೆ ಬಂದರು. ತವರುಮನೆಯನ್ನು ಕೊನೆಯ ಸಲ ಕಂಡದ್ದು 1981ರಲ್ಲಿ, ಹಂಚುಗಳನ್ನು ಇಳಿಸುತ್ತಿದ್ದಾಗ. ಆ ತರುವಾಯ ನಾವು ಎಷ್ಟು ಸಲ ಕರೆದರೂ, "ನೀರು ನೋಡುವುದಕ್ಕೆ ಅಲ್ಲಿಗೇಕೆ ಹೋಗಬೇಕು, ಸಾಧನಕೇರಿಯಲ್ಲಿಲ್ಲವೇ?" ಎಂದು ನಗುತ್ತ ತಳ್ಳಿಹಾಕುತ್ತಿದ್ದರು. ಈಗ ತಾವಾಗಿಯೇ ಕೇಳಿದರು. ನಾವು ತಡಮಾಡಲಿಲ್ಲ.

ಕಾಡಿನ ದಾರಿಗಳೂ ಅರಣ್ಯ ಇಲಾಖೆಯ ನಿಯಮಗಳೂ ನಮಗೆ ತಿಳಿಯವು. ಆದುದರಿಂದ ದಾಂಡೇಲಿಯಲ್ಲಿ ಪ್ರವಾಸಿಗರನ್ನು ದಿನಕ್ಕೊಂದು ಸುತ್ತು ತಿರುಗಿಸುವವರಲ್ಲಿ ಹಣ ಕಟ್ಟಿ, ಡಿಸೆಂಬರಿನ ಒಂದು ಶನಿವಾರ ಗೊತ್ತುಮಾಡಿದೆವು. ಅವರು ಕಳುಹಿಸಿದ ಪಟ್ಟಿಯನ್ನು ಆಯಿ ಕನ್ನಡಕ ಹಾಕಿಕೊಂಡು ಎರಡು ಸಲ ಓದಿದರು. ಸಿಂಥೇರಿ ಬಂಡೆ, ಒಂದೂವರೆ ತಾಸು, ಕವಳಾ ಗುಹೆ, ಎರಡು ತಾಸು, ಊಟ, ಸೂಪಾ ಜಲಾಶಯ, ಹತ್ತು ನಿಮಿಷ, ಗಣೇಶಗುಡಿಯಲ್ಲಿ ದೋಣಿಯ ಆಟ. "ಹತ್ತು ನಿಮಿಷ ಬಹಳವಾಯಿತು" ಎಂದರು. ವಿನೋದಕ್ಕೆ ಹೇಳಿದರೋ ನಿಜವಾಗಿಯೋ ನಮಗೆ ಹೊಳೆಯಲಿಲ್ಲ.

ಹೊರಡುವ ಮುನ್ನಾದಿನ ಅವರು ಒಂದು ಬಟ್ಟೆಯಲ್ಲಿ ತೆಂಗಿನಕಾಯಿ, ಒಂದು ಪಾವು ಅಕ್ಕಿ, ಬೆಲ್ಲದ ಅಚ್ಚು ಇವುಗಳನ್ನಿಟ್ಟು ಗಂಟು ಕಟ್ಟಿದ್ದನ್ನು ನಾವು ಕಂಡೆವು. ತವರಿಗೆ ಬರಿಗೈಯಲ್ಲಿ ಹೋಗಬಾರದಷ್ಟೆ. ನಮ್ಮ ತಂದೆಯವರು ತೀರಿಕೊಂಡಂದಿನಿಂದ ಆಯಿ ಅರಿಸಿನ ಕುಂಕುಮವನ್ನು ತಾವಾಗಿ ಯಾರಿಗೂ ಕೊಡುವವರಲ್ಲ. ಅದನ್ನು ನಮ್ಮ ಮನೆಯವರು ಮಾತಿಲ್ಲದೆ ಗಂಟಿನೊಳಗೆ ಸೇರಿಸಿದರು.

ಧಾರವಾಡದಿಂದ ಹಳಿಯಾಳದ ಮೇಲೆ ದಾಂಡೇಲಿಗೆ ಹೋಗುವ ದಾರಿಯು ನಮ್ಮ ಕಡೆಯ ಜನಕ್ಕೆ ಉಳವಿಯ ದಾರಿಯೆಂದೇ ಪರಿಚಿತವಾದುದು. ಉಳವಿಯ ಚನ್ನಬಸವಣ್ಣನ ಜಾತ್ರೆಗೆ ಎತ್ತಿನ ಗಾಡಿಗಳು ಸಾಲುಗಟ್ಟಿ ಹೋಗುವುದನ್ನು ನಾವು ಬಾಲ್ಯದಿಂದಲೂ ಕಂಡಿದ್ದೇವೆ, ಇಂದಿಗೂ ಹೋಗುತ್ತವೆ. ದಾಂಡೇಲಿಯಲ್ಲಿ ಕಾಗದದ ಗಿರಣಿಯ ವಾಸನೆಯು ಮೂಗಿಗೆ ಬಡಿಯುವಷ್ಟರಲ್ಲಿ ನಮ್ಮ ಟೆಂಪೋ ಸಿದ್ಧವಾಗಿತ್ತು. ಬೆಂಗಳೂರಿನ ನಾಲ್ವರು ತರುಣರು, ಹುಬ್ಬಳ್ಳಿಯ ನವದಂಪತಿಗಳು, ನಾವು ನಾಲ್ವರು. ಮಾರ್ಗದರ್ಶಿಯು ಜೋಯಿಡಾ ಕಾಡಿನ ಕುಣಬಿ ಮನೆತನದ ಹುಡುಗ, ಇಪ್ಪತ್ತೈದರ ಒಳಗಿನವನು. ಕನ್ನಡ, ಮರಾಠಿ, ಕೊಂಕಣಿ, ಹಿಂದಿ ನಾಲ್ಕನ್ನೂ ಸಲೀಸಾಗಿ ಆಡುವನು. ಆಯಿಯ ಬಾಯಲ್ಲಿ ಕೊಂಕಣಿ ಕೇಳಿದೊಡನೆ "ಆಜಿ, ಮುಂದಿನ ಆಸನಕ್ಕೆ ಬನ್ನಿ" ಎಂದು ಕೈಹಿಡಿದು ಕೂರಿಸಿದನು.

ಸಿಂಥೇರಿ ಬಂಡೆಯನ್ನು ನೋಡಿದವರು ಅದನ್ನು ಮರೆಯುವುದು ಕಷ್ಟ. ಗುಂದದ ಸುತ್ತಿನ ದಟ್ಟ ಕಾಡಿನಲ್ಲಿ ಮೆಟ್ಟಿಲುಗಳನ್ನು ಇಳಿಯುತ್ತಿರುವಾಗ ಮೊದಲು ನೀರಿನ ಸದ್ದು ಮಾತ್ರವೇ ಕೇಳಿಸುವುದು. ಕೊನೆಯ ತಿರುವಿನಲ್ಲಿ, ಮರಗಳ ತೆರೆ ಸರಿದಂತೆ, ಮುನ್ನೂರು ಅಡಿ ಎತ್ತರದ ಒಂದೇ ಬಂಡೆಯು ಗೋಡೆಯಂತೆ ಎದುರು ನಿಲ್ಲುವುದು. ಅದರ ಬುಡವನ್ನು ಕಾಣೇರಿ ಹೊಳೆಯು ಕೊರೆದುಕೊಂಡು ಹರಿಯುತ್ತದೆ. ಮೈತುಂಬ ಹೆಜ್ಜೇನಿನ ಹುಟ್ಟುಗಳು ಕರಿ ಜೋಳಿಗೆಗಳಂತೆ ತೂಗುತ್ತವೆ. ಆಂಗ್ಲ ಮಹಿಳೆಯೊಬ್ಬಳ ಹೆಸರಿನಿಂದ ಈ ಬಂಡೆಗೆ ಸಿಂಥೇರಿಯೆಂಬ ಹೆಸರು ಬಂದಿತೆಂದು ಹೇಳುವರು. ಜೇನಿಗಾಗಿ ಗದ್ದಲ ಮಾಡಕೂಡದು, ಸುಳಿಗಾಗಿ ನೀರಿಗಿಳಿಯಕೂಡದು ಎಂದು ಹುಡುಗನು ಮೊದಲೇ ಎಚ್ಚರಿಸಿದ್ದನು. ಹೊಳೆಯ ಪಾತ್ರದ ಕಲ್ಲಿನಲ್ಲಿ ಒರಳಿನಂಥ ಗುಂಡಿಗಳು ಬಹಳ. ಮಳೆಗಾಲದ ಸುಳಿಯಲ್ಲಿ ಸಿಕ್ಕ ಹರಳುಗಲ್ಲುಗಳು ಗಿರಗಿರನೆ ತಿರುಗಿ ತಿರುಗಿ ಬಂಡೆಯನ್ನು ಹೀಗೆ ತೋಡುತ್ತವೆ. ನಮ್ಮ ಮಗಳು ಒಂದು ಗುಂಡಿಯೊಳಗೆ ಕೈಯಿಟ್ಟು, ತಳದಲ್ಲಿದ್ದ ಉರುಟು ಕಲ್ಲೊಂದನ್ನು ಎತ್ತಿ ತೋರಿಸಿ, ಮತ್ತೆ ಅಲ್ಲಿಯೇ ಇರಿಸಿದಳು. ಅಷ್ಟು ಹೊತ್ತೂ ಆಯಿ ಮೇಲೆ ಮೆಟ್ಟಿಲಿನ ತಲೆಯಲ್ಲಿ ಗಂಟನ್ನು ತೊಡೆಯ ಮೇಲಿಟ್ಟುಕೊಂಡು ಕುಳಿತಿದ್ದರು.

ಕವಳಾ ಗುಹೆಯ ಮಾತು ಬೇರೆ. ನೂರಾರು ಮೆಟ್ಟಿಲುಗಳನ್ನಿಳಿದು, ಬ್ಯಾಟರಿಯ ಬೆಳಕಿನಲ್ಲಿ ಬಾಗಿ, ಕೆಲವೆಡೆ ತೆವಳಿ ಒಳಹೊಕ್ಕರೆ ಲಿಂಗಾಕಾರದ ಸುಣ್ಣದ ಕಂಬವೊಂದು ಕಾಣುವುದು. ಶಿವರಾತ್ರಿಗೆ ಇಲ್ಲಿ ಜನ ಸೇರುವರು. ಇದು ಜ್ವಾಲಾಮುಖಿಯಿಂದ ಆದುದೆಂದು ಹುಡುಗನು ಹೇಳಿದನು; ಹಾಗೆಂದು ಕೆಲವರು ಬರೆದೂ ಇದ್ದಾರೆ. ಆದರೆ ಇಲ್ಲಿ ಕೆಲಸ ಮಾಡಿದ್ದು ಬೆಂಕಿಯಲ್ಲ, ನೀರು. ಮಣ್ಣಿನೊಳಗಿಂದ ಇಳಿಯುವ ಮಳೆನೀರು ಸುಣ್ಣಕಲ್ಲನ್ನು ಕರಗಿಸಿಕೊಂಡು ಬಂದು, ಹನಿಹನಿಯಾಗಿ ತೊಟ್ಟಿಕ್ಕಿ, ಹನಿಯೊಂದಕ್ಕೆ ಕಣ್ಣಿಗೆ ಕಾಣದಷ್ಟು ಸುಣ್ಣವನ್ನು ಬಿಟ್ಟುಹೋಗುವುದು. ಒಂದಂಗುಲ ಬೆಳೆಯಲು ನೂರಾರು ವರ್ಷಗಳು ಬೇಕು. ಇದನ್ನು ನಾವು ಹೇಳಿದಾಗ ಹುಡುಗನು ಬೇಸರಪಡದೆ, "ನಾಳೆಯಿಂದ ಹೀಗೆಯೇ ಹೇಳುತ್ತೇನೆ ಸರ್" ಎಂದನು. ನಾವು ಸ್ವಲ್ಪ ಹೆಮ್ಮೆಪಟ್ಟೆವೆಂದು ಒಪ್ಪಿಕೊಳ್ಳಬೇಕು. ಮೇಲೆ ಬರುವಷ್ಟರಲ್ಲಿ ಮೊಣಕಾಲುಗಳು ಆ ಹೆಮ್ಮೆಯನ್ನು ಇಳಿಸಿಬಿಟ್ಟವು.

ಊಟದ ವಿಷಯ ಹೇಳತಕ್ಕದ್ದೇನೂ ಇಲ್ಲ.

ಮೂರು ಗಂಟೆಯ ಸುಮಾರಿಗೆ ಗಾಡಿಯು ಗಣೇಶಗುಡಿಯ ಕಡೆಯ ಏರಿನಲ್ಲಿ ನಿಂತಿತು. ಎದುರಿಗೆ, ಕಣ್ಣು ಹಾಯುವವರೆಗೂ, ನೀಲಿ ನೀರು. ನಡುನಡುವೆ ಕಾಡು ತುಂಬಿದ ನಡುಗಡ್ಡೆಗಳು. ಬೆಂಗಳೂರಿನ ಹುಡುಗರು "ಅಬ್ಬಾ!" ಎಂದರು. ಅನ್ನದೆ ಇರುವುದು ಸಾಧ್ಯವೂ ಇರಲಿಲ್ಲ. ನೋಟವು ಅಷ್ಟು ಸುಂದರವಾಗಿತ್ತು. ಮಾರ್ಗದರ್ಶಿಯು ತನ್ನ ಪಾಠವನ್ನು ಒಪ್ಪಿಸತೊಡಗಿದನು: ಕಾಳಿಯ ಉದ್ದ 184 ಕಿಲೋಮೀಟರು, ಅಣೆಯ ಎತ್ತರ 101 ಮೀಟರು, ಕೆಲಸ ಮುಗಿದದ್ದು 1987ರಲ್ಲಿ, ಬುಡದ ವಿದ್ಯುದಾಗಾರದಲ್ಲಿ 50 ಮೆಗಾವ್ಯಾಟಿನ ಎರಡು ಯಂತ್ರಗಳು, ಮಳೆಗಾಲದ ನೀರನ್ನು ಇಲ್ಲಿ ತಡೆದಿಟ್ಟು ವರ್ಷವಿಡೀ ಬಿಡುವುದರಿಂದ ಕೆಳಗಿನ ನಾಗಝರಿ, ಕೊಡಸಳ್ಳಿ, ಕದ್ರಾಗಳ ಯಂತ್ರಗಳೂ ತಿರುಗುತ್ತವೆ. "ಇಲ್ಲಿ ಮೊದಲು ಸೂಪಾ ಎಂಬ ಸಣ್ಣ ಹಳ್ಳಿಯಿತ್ತು" ಎಂದು ಮುಗಿಸಿದನು.

"ಹಳ್ಳಿಯಲ್ಲ, ಬಾಬಾ. ತಾಲೂಕಿನ ಊರು" ಎಂದರು ಆಯಿ, ಕೊಂಕಣಿಯಲ್ಲಿ. "ಕಚೇರಿಯಿತ್ತು, ಶಾಲೆಯಿತ್ತು, ಬಜಾರವಿತ್ತು. ಬಜಾರದ ಹಿಂದೆ ನಮ್ಮ ಮನೆ."

ಹುಡುಗನು ಬಾಯಿ ಮುಚ್ಚಿದನು. ಆಮೇಲೆ ಮೆಲ್ಲಗೆ, "ಎಲ್ಲಿ ಬರುತ್ತದೆ ಆಜಿ, ತೋರಿಸಿ" ಎಂದನು.

ಆಯಿ ಕೈಯೆತ್ತಿದರು. ಎತ್ತಿದ ಕೈ ನಿಂತುಬಿಟ್ಟಿತು. ಎಡಕ್ಕೆ ನೋಡಿದರು, ಬಲಕ್ಕೆ ನೋಡಿದರು. "ಗುಡ್ಡಗಳೆಲ್ಲ ಗಿಡ್ಡವಾಗಿವೆ" ಎಂದರು. ಊರು ಇದ್ದದ್ದು ತಗ್ಗಿನಲ್ಲಿ. ಅಂಗಳದಲ್ಲಿ ನಿಂತು ತಲೆಯೆತ್ತಿ ನೋಡಿದ ಗುಡ್ಡಗಳು ಅವರಿಗೆ ಗೊತ್ತಿದ್ದವು. ಈಗ ಅವರು ನಿಂತಿದ್ದುದು ಮೇಲೆ, ಆ ಗುಡ್ಡಗಳೋ ಸೊಂಟದವರೆಗೆ ಮುಳುಗಿದವು. ಸೂಪ ಎಂದರೆ ನಮ್ಮ ಮಾತಿನಲ್ಲಿ ಮೊರ. ಊರು ಮೊರದಂತಿತ್ತು, ಮೂರು ಕಡೆ ಎತ್ತರ, ಒಂದು ಕಡೆ ತೆರವು ಎಂದು ತಮ್ಮ ಅಜ್ಜಿ ಹೇಳುತ್ತಿದ್ದುದನ್ನು ಹೇಳಿದರು. ಆ ತೆರವು ಸಿಕ್ಕರೆ ಉಳಿದುದೆಲ್ಲ ಸಿಕ್ಕುವುದು. ಪಾಂಢರಿ ಬರುವ ಬಾಯಿ ಯಾವುದು? ಆ ನಡುಗಡ್ಡೆಯ ಆಚೆಗೋ ಈಚೆಗೋ? ಹುಡುಗನು ಒಂದೆರಡು ದಿಕ್ಕು ತೋರಿಸಿದನು. ಇರಬಹುದು, ಅಲ್ಲ, ಇರಬಹುದು ಎನ್ನುತ್ತ ಆಯಿ ಸೆರಗಿನಿಂದ ಕನ್ನಡಕವನ್ನು ಮತ್ತೆ ಮತ್ತೆ ಒರೆಸಿದರು.

ಗಂಟನ್ನು ನೀರಿಗೆ ಬಿಡಬೇಕೆಂದರೆ ಇಳಿಯುವ ದಾರಿಯಿಲ್ಲ. ದಂಡೆಯು ಕಡಿದಾಗಿತ್ತು, ಇಳಿಯಲು ಅಪ್ಪಣೆಯೂ ಇರಲಿಲ್ಲ. ಹತ್ತು ನಿಮಿಷ ಹೋಗಿ ಇಪ್ಪತ್ತಾಯಿತು. ದೋಣಿಯ ಆಟಕ್ಕೆ ಉಳಿದವರು ಹಣ ಕಟ್ಟಿದ್ದರು. ಅಲ್ಲಿಯ ನೀರು ವಿದ್ಯುದಾಗಾರದವರು ಬಿಟ್ಟಾಗ ಮಾತ್ರ ಏರುವುದು, ಹೊತ್ತು ತಪ್ಪಿದರೆ ಆಟವಿಲ್ಲ. ಯಾರೂ ಬಾಯಿ ಬಿಟ್ಟು ಏನೂ ಹೇಳಲಿಲ್ಲ. ಒಬ್ಬ ತರುಣನು ಕೈಗಡಿಯಾರವನ್ನು ನೋಡಿದನೆಂದು ನಮಗೆ ತೋರಿತು. ಆಗ ನಾವೇ, "ಆಯಿ, ಹೊತ್ತಾಯಿತು, ಜನ ಕಾಯುತ್ತಿದ್ದಾರೆ" ಎಂದೆವು.

ಅವರು ತಟ್ಟನೆ ಕೈಯಿಳಿಸಿ, "ನಡೆಯಿರಿ, ನಡೆಯಿರಿ" ಎನ್ನುತ್ತ ಗಾಡಿಯ ಕಡೆಗೆ ತಿರುಗಿದರು. ಕೈಗಡಿಯಾರ ನೋಡಿದ ತರುಣನು ಹಿಂದೆಯೇ ಓಡಿಬಂದು, "ಇರಲಿ ಸರ್, ಅಜ್ಜಿ ನೋಡಲಿ, ನಮಗೆ ದೋಣಿ ನಾಳೆಗೂ ಆಗುತ್ತದೆ" ಎಂದನು. ಆದರೆ ಆಯಿ ಆಗಲೇ ಮೆಟ್ಟಿಲಿನ ಮೇಲೆ ಕಾಲಿಟ್ಟಿದ್ದರು. ಎಂದಿಗೂ ಇನ್ನೊಬ್ಬರಿಗೆ ತೊಂದರೆಯಾಗಬಾರದೆಂದು ಬದುಕಿದವರನ್ನು ಒಮ್ಮೆ ಎಬ್ಬಿಸಿದ ಮೇಲೆ ಮತ್ತೆ ಕೂರಿಸುವುದಾಗದು. ನಲವತ್ತು ವರ್ಷ ತಡೆದು ಬಂದವರಿಗೆ ಇನ್ನರ್ಧ ತಾಸು ಕೊಡಲಾರದೆ ಹೋದವರು ಪರರಲ್ಲ, ಹೊಟ್ಟೆಯಲ್ಲಿ ಹುಟ್ಟಿದ ನಾವು. ದೋಣಿಯ ಆಟ ಮುಗಿಯುವವರೆಗೂ ಗಣೇಶಗುಡಿಯ ಚಹದಂಗಡಿಯಲ್ಲಿ ಕುಳಿತಿದ್ದಾಗ, ಚಹಕ್ಕೆ ಸಕ್ಕರೆ ವಿಪರೀತವಾಯಿತೆಂದು ಮಾತ್ರ ಅವರು ದೂರಿದರು.

ದಾಂಡೇಲಿಯಲ್ಲಿ ಇಳಿಯುವಾಗ ಮಾರ್ಗದರ್ಶಿಯು ಆಯಿಯ ಬಳಿಗೆ ಬಂದು ಕೈಯೊಡ್ಡಿ, "ಆಜಿ, ಆ ಗಂಟನ್ನು ನನಗೆ ಕೊಡಿ. ನಮ್ಮ ಊರ ಕಡೆಗೆ ನೀರಿನವರೆಗೂ ಇಳಿಯುವ ಜಾಗವಿದೆ. ನಾಳೆ ರಜೆ, ನಾನು ಬಿಡುತ್ತೇನೆ" ಎಂದನು. ಆಯಿ ಅವನ ಮುಖವನ್ನು ಸ್ವಲ್ಪ ಹೊತ್ತು ನೋಡಿ ಕೊಟ್ಟರು. ಬೆಲ್ಲದ ಅಚ್ಚನ್ನು ಮಾತ್ರ ಗಂಟಿನಿಂದ ತೆಗೆದು, ಅರ್ಧ ಮುರಿದು, ಅವನ ಕೈಗೇ ಹಾಕಿದರು.

ಮರುದಿನ ಸಂಜೆ ನಮ್ಮ ಮಗಳ ಫೋನಿಗೆ ಅವನಿಂದ ಒಂದು ಚಿತ್ರ ಬಂದಿತು. ನೀರಿನ ಅಂಚಿನಲ್ಲಿ ಬಗ್ಗಿ ನಿಂತು ತೆಗೆದದ್ದು; ಮುಂದೆ ತೆಂಗಿನಕಾಯಿ ತೇಲುತ್ತಿದೆ, ಹಿಂದೆ ಗುಡ್ಡಗಳ ಸಾಲು. ಕಾಯಿ ಮುಟ್ಟಿತೆಂದು ಹೇಳಿ ನಾವು ಆಯಿಗೆ ಫೋನನ್ನು ಕೊಟ್ಟೆವು. ಅವರು ಕಾಯಿಯ ಕಡೆ ನೋಡಲೇ ಇಲ್ಲ. ತಗ್ಗಿನಿಂದ ತೆಗೆದುದರಿಂದ ಗುಡ್ಡಗಳು ಆ ಚಿತ್ರದಲ್ಲಿ ಎತ್ತರವಾಗಿ, ತಲೆಯೆತ್ತಿ ನೋಡಿದಂತೆ ನಿಂತಿದ್ದವು. ಆಯಿ ಬೆರಳನ್ನು ಒಂದೆಡೆ ಊರಿ, "ಇದು ನಮ್ಮ ಕೊಟ್ಟಿಗೆಯ ಮೇಲಿನ ಗುಡ್ಡ. ಸಂಜೆ ಹಸುಗಳು ಇಲ್ಲಿಂದಲೇ ಇಳಿಯುತ್ತಿದ್ದವು" ಎಂದರು. ಮತ್ತೆ ಮೊಮ್ಮಗಳನ್ನು ಹತ್ತಿರಕ್ಕೆ ಕರೆದು, "ಇದನ್ನು ಇನ್ನಷ್ಟು ದೊಡ್ಡದು ಮಾಡಿ ತೋರಿಸು" ಎಂದರು.