ಗೆದ್ದವನ ಪಾಡು

ಕೋರ್ಟಿನಲ್ಲಿ ಗೆದ್ದವನು ಸೋತ, ಸೋತವನು ಸತ್ತ ಎಂಬುದು ನಮ್ಮ ಹಿರಿಯರ ಗಾದೆ. ಎದುರು ಪಕ್ಷ ಸರಕಾರವಾದರೆ ಅದರ ಮೊದಲರ್ಧ ಚೆನ್ನಾಗಿ ಅರ್ಥವಾಗುತ್ತದೆ. ತೀರ್ಪು ಕೈಗೆ ಬರುತ್ತದೆ, ಹಣ ಬರುವುದಿಲ್ಲ.

ಇದಕ್ಕೆ ಮದ್ದಿಲ್ಲವೆ? ಇದೆ. ಬೇಕೆಂದೇ ಆಜ್ಞೆ ಮೀರಿದವರಿಗೆ 1971ರ ನ್ಯಾಯಾಂಗ ನಿಂದನೆ ಕಾಯಿದೆಯಂತೆ 6 ತಿಂಗಳವರೆಗೆ ಸಜೆ, 2,000 ರೂಪಾಯಿವರೆಗೆ ದಂಡ. ಸರಕಾರವನ್ನು ಜೈಲಿಗೆ ಕಳುಹಿಸುವುದೆಂತು ಎನ್ನುವಿರಾ? ಸಹಿ ಹಾಕಬೇಕಾದವರನ್ನು ಕಳುಹಿಸಬಹುದು. ಬೆಂಗಳೂರು ನಗರಪಾಲಿಕೆಯ ಇಂಜಿನಿಯರೊಬ್ಬರ ಬಡ್ತಿಯ ಆಜ್ಞೆ ನಡೆಸಲಿಲ್ಲವೆಂದು 1995ರಲ್ಲಿ ಸುಪ್ರೀಂ ಕೋರ್ಟು ನಮ್ಮ ರಾಜ್ಯದ ಕಾರ್ಯದರ್ಶಿಯೊಬ್ಬರಿಗೆ ಒಂದು ತಿಂಗಳ ಸಜೆ ವಿಧಿಸಿತು. ಆದರೆ ಮನಸಾರೆ ಕ್ಷಮೆ ಬೇಡಿದವರನ್ನು ಬಿಡಬಹುದೆಂದೂ ಅದೇ ಕಾಯಿದೆ ಹೇಳುತ್ತದೆ.

ನಮ್ಮ ನೆರೆಮನೆಯ ನಿವೃತ್ತ ಮೇಷ್ಟರ ಬಾಕಿ ಪಿಂಚಣಿಯ ಆಜ್ಞೆ ಹನ್ನೊಂದು ತಿಂಗಳು 'ಫೈಲು ಮೇಲೆ ಹೋಗಿದೆ' ಎಂಬ ಮಾತಿನಲ್ಲೇ ಕಳೆಯಿತು. ನಿಂದನೆಯ ಅರ್ಜಿಗೆ ಒಂದು ವರ್ಷದ ಗಡುವು. ಅದು ಮೀರುವ ಮುನ್ನ ಹಾಕಿದರು. ವಿಚಾರಣೆಯ ಹಿಂದಿನ ದಿನ ಹಣ ಬಂತು. ಮರುದಿನ ಅಧಿಕಾರಿ ನ್ಯಾಯಮೂರ್ತಿಗಳಿಗೆ ಕೈಮುಗಿದರು, ಅರ್ಜಿ ಮುಗಿಯಿತು.

"ಕ್ಷಮೆ ಕೇಳಿದ್ದು ಕೋರ್ಟನ್ನು, ಸ್ವಾಮಿ. ಬಾಗಿಲಲ್ಲಿ ನಿಂತವನು ನಾನಲ್ಲವೆ?" ಎಂದರು ಮೇಷ್ಟರು.

ಆಜ್ಞೆ ಮೀರಿದರೆ ಕೋರ್ಟಿನ ಮಾನ ಹೋಗುವುದೆಂದು ಕಾಯಿದೆಗೆ ಗೊತ್ತು. ಕಾದವನ ಮಾನದ ಲೆಕ್ಕ ಯಾವ ಫೈಲಿನಲ್ಲಿದೆಯೋ!