ದರಿಯಾ ದೌಲತಿನ ಆಂಗ್ಲ ನಿವಾಸಿ

ಶ್ರೀರಂಗಪಟ್ಟಣದ ಕೋಟೆಯನ್ನು ಬಿಟ್ಟು ಪೂರ್ವಕ್ಕೆ ನಡೆದರೆ, ಹಸುರು ತೋಟದ ನಡುವೆ ದರಿಯಾ ದೌಲತ್ ಅರಮನೆ ಕಾಣುತ್ತದೆ. ಟೀಪು ಸುಲ್ತಾನನು 1784ರಲ್ಲಿ ಬೇಸಗೆಯ ವಿಶ್ರಾಂತಿಗೆಂದು ಕಟ್ಟಿಸಿದ ಈ ಮರದ ಸೌಧದ ಪಶ್ಚಿಮದ ಗೋಡೆಯನ್ನು ಪೊಲ್ಲಿಲೂರು ಕದನದ ವರ್ಣಚಿತ್ರವು ಆವರಿಸಿದೆ. 1780ರ ಆ ಕದನದಲ್ಲಿ ಆಂಗ್ಲರು ಹೀನಾಯವಾಗಿ ಸೋತರು. ಅವರ ನಾಯಕ ಬೇಲಿ ಗಾಯಗೊಂಡು ಪಲ್ಲಕ್ಕಿಯಲ್ಲಿ ಕುಳಿತಿರುವುದನ್ನು ಪ್ರವಾಸಿಗರು ಇಂದಿಗೂ ನೋಡಬಹುದು.

ವಿಚಿತ್ರವೆಂದರೆ, ಮಾಸಿದ್ದ ಈ ಚಿತ್ರಕ್ಕೆ ಮತ್ತೆ ಬಣ್ಣ ಹಾಕಿಸಿದವನು ಆಂಗ್ಲ ಸೇನಾನಿಯೇ! ಆತನೇ ಆರ್ಥರ್ ವೆಲ್ಲೆಸ್ಲಿ. ಮುಂದೆ ವೆಲಿಂಗ್ಟನ್ನಿನ ಡ್ಯೂಕನೆಂದು ಜಗತ್ಪ್ರಸಿದ್ಧನಾದವನು.

ನೆಪೋಲಿಯನ್ ಹುಟ್ಟಿದ 1769ರಲ್ಲಿಯೇ ಐರ್ಲೆಂಡಿನಲ್ಲಿ ಜನಿಸಿದ ಈತನು ಶ್ರೀರಂಗಪಟ್ಟಣಕ್ಕೆ ಬಂದಾಗ ಕೀರ್ತಿಯನ್ನಲ್ಲ, ಅಪಕೀರ್ತಿಯನ್ನು ಮೊದಲು ಕಂಡನು. 1799ರ ಏಪ್ರಿಲ್ 5ರ ರಾತ್ರಿ ಕೋಟೆಯ ಹೊರಗಿನ ಸುಲ್ತಾನ್‌ಪೇಟೆಯ ತೋಪಿಗೆ ಅವನ ಪಡೆ ನುಗ್ಗಿತು. ಗಾಢಾಂಧಕಾರ, ಕಾಲಿಗೆ ಅಡ್ಡಬರುವ ಕಾಲುವೆಗಳು, ಮರೆಯಿಂದ ಮೈಸೂರಿನ ಯೋಧರ ಗುಂಡಿನ ಮಳೆ. ಪಡೆ ಚದುರಿತು. ಹನ್ನೆರಡು ಮಂದಿ ಸೈನಿಕರು ಸೆರೆಸಿಕ್ಕರು. ವೆಲ್ಲೆಸ್ಲಿಯೂ ಮೊಣಕಾಲಿಗೆ ಪೆಟ್ಟು ತಿಂದು, ದಾರಿ ತಪ್ಪಿ ಅಲೆದು, ನಡುರಾತ್ರಿಯಲ್ಲಿ ದಂಡನಾಯಕ ಹ್ಯಾರಿಸನ ಡೇರೆಗೆ ಬಂದು ಸೋಲನ್ನೊಪ್ಪಿಕೊಂಡನು. ಮರುದಿನ ಹಗಲಿನಲ್ಲಿ ತೋಪು ವಶವಾಯಿತಾದರೂ ಆ ಇರುಳನ್ನು ಅವನು ಮರೆಯಲಿಲ್ಲ. ಹಗಲಿನಲ್ಲಿ ಕಂಡರಿಯದ ನೆಲದ ಮೇಲೆ ಇರುಳಿನಲ್ಲಿ ದಾಳಿಮಾಡಕೂಡದೆಂದು ನಿಶ್ಚಯಿಸಿಕೊಂಡನು.

ಮೇ 4ರಂದು ಕೋಟೆ ಬಿದ್ದಿತು. ಟೀಪು ಹೋರಾಡುತ್ತಲೇ ಮಡಿದನು. ಬಿರುಕಿನೊಳಗೆ ನುಗ್ಗಿದ ಪಡೆಯನ್ನು ನಡೆಸಿದವನು ಬೇರ್ಡ್. ಹಿಂದೆ ಇದೇ ಪಟ್ಟಣದಲ್ಲಿ ವರ್ಷಗಟ್ಟಲೆ ಸೆರೆಯಲ್ಲಿ ಕೊಳೆತವನು. ಆದರೆ ಪಟ್ಟಣದ ಅಧಿಕಾರ ದೊರೆತುದು ಗವರ್ನರ್ ಜನರಲನ ತಮ್ಮನಾದ ವೆಲ್ಲೆಸ್ಲಿಗೆ! ಬೇರ್ಡನ ಮನಸ್ಸು ಕಹಿಯಾದುದರಲ್ಲಿ ಆಶ್ಚರ್ಯವೇನು? ಹೊಸ ಅಧಿಕಾರಿಯು ಲೂಟಿಗಿಳಿದ ಸೈನಿಕರಲ್ಲಿ ಕೆಲವರನ್ನು ಗಲ್ಲಿಗೇರಿಸಿ ಶಾಂತಿಯನ್ನು ನೆಲೆಗೊಳಿಸಿದನು. ದರಿಯಾ ದೌಲತನ್ನೇ ತನ್ನ ನಿವಾಸವಾಗಿಸಿಕೊಂಡನು.

ಗೆದ್ದವನು ಸೋತವರಿಂದಲೂ ಕಲಿತನು. ಭಾರವಾದ ತೋಪುಗಳನ್ನೆಳೆದು ಬೇಗಬೇಗನೆ ನಡೆಯಬಲ್ಲ ಅಮೃತಮಹಲ್ ಎತ್ತುಗಳ ಬೆಲೆಯನ್ನು ಅವನು ಅರಿತುದು ಇಲ್ಲಿಯೇ. 1800ರಲ್ಲಿ ಧೋಂಡಿಯ ವಾಘನನ್ನು ಬೆನ್ನಟ್ಟಿ, ಹರಿಹರದ ಬಳಿ ತುಂಗಭದ್ರೆಯನ್ನು ದಾಟಿ, ಸೆಪ್ಟೆಂಬರ್ 10ರಂದು ಅಶ್ವದಳದ ಒಂದೇ ದಾಳಿಯಿಂದ ಅವನನ್ನು ಕೊನೆಗಾಣಿಸಿದನು. ಶತ್ರುವಿನ ಸಾಮಾನುಗಳ ನಡುವೆ ಒಂದು ಮಗು ಸಿಕ್ಕಿತು. ಧೋಂಡಿಯನ ಪುತ್ರನೆನಿಸಿದ ಸಲಾಬತ್ ಖಾನ್. ತಂದೆಯನ್ನು ಕೊಂದ ಪಡೆಯ ನಾಯಕನೇ ಆ ಬಾಲಕನನ್ನು ಕೈಹಿಡಿದು ಸಾಕಿದನು; 1805ರಲ್ಲಿ ಭಾರತವನ್ನು ಬಿಡುವಾಗ ಅವನ ಪೋಷಣೆಗೆ ಹಣವನ್ನಿರಿಸಿ ಹೋದನು.

ಮುಂದೆ ಸ್ಪೇನ್ ಪೋರ್ಚುಗಲ್‌ಗಳ ಬೆಟ್ಟದ ಹಾದಿಗಳಲ್ಲಿ ಗಾಡಿಗಳು ತೆವಳುತ್ತಿದ್ದಾಗ ಮೈಸೂರಿನ ಎತ್ತುಗಳಿಲ್ಲವಲ್ಲಾ ಎಂದು ಆ ಸೇನಾನಿ ಹಲುಬಿದನಂತೆ. 1815ರ ಜೂನ್ 18ರಂದು ವಾಟರ್ಲೂವಿನಲ್ಲಿ ನೆಪೋಲಿಯನ್ನನನ್ನು ಎದುರಿಸಿದಾಗಲಾದರೋ, ಅವನು ನಿಂತ ನೆಲ ಹಿಂದಿನ ವರ್ಷವೇ ನೋಡಿಟ್ಟುಕೊಂಡ ಪ್ರದೇಶದ್ದಾಗಿತ್ತು.

ಇಂದು ದರಿಯಾ ದೌಲತಿನ ಗೋಡೆಯ ಮೇಲೆ ಆಂಗ್ಲರ ಸೋಲು ಉಳಿದಿದೆ. ಅದನ್ನು ಅಳಿಸದೆ ಉಳಿಸಿಕೊಂಡವನಿಗೆ, ಸೋಲೂ ಒಂದು ಪಾಠಶಾಲೆಯೆಂಬುದು ಸುಲ್ತಾನ್‌ಪೇಟೆಯ ಕತ್ತಲೆಯಲ್ಲಿಯೇ ತಿಳಿದಿತ್ತು.