ಎಲೆ ಊದಿದವನ ಪಾಲು

ಜಿಂಕೆಯನ್ನು ಕೊಲ್ಲುವುದಕ್ಕೆ ಕೋವಿ ಬೇಕು. ಆದರೆ ಕೋವಿಯ ಬಾಯಿಗೆ ಅದನ್ನು ತಂದು ನಿಲ್ಲಿಸುವುದಕ್ಕೆ ಒಂದು ದನಿ ಸಾಕು. ಆ ದನಿ ಜಿಂಕೆಯದೇ ಆಗಿರಬೇಕು, ಬಾಯಿ ಮಾತ್ರ ಬೇರೆಯವರದು.

ಅಮೆರಿಕದಲ್ಲಿ ಇದಕ್ಕೆಂದೇ ಅಂಗಡಿಗಳಲ್ಲಿ ಸಾಮಾನು ಮಾರುತ್ತಾರೆ. ಗೇಣುದ್ದದ ಒಂದು ಕೊಳವೆ, ಅದರೊಳಗೆ ತೆಳ್ಳನೆಯ ಪಟ್ಟಿ. ಊದಿದರೆ ಗಂಡು ಜಿಂಕೆ ಗೊರಗುಟ್ಟಿದ ಹಾಗೆ ಸದ್ದು ಬರುತ್ತದೆ. ಇನ್ನೊಂದು ಅಂಗೈಯಲ್ಲಿ ಹಿಡಿಯುವ ಡಬ್ಬಿ. ಬೋರಲು ಹಾಕಿ ಮತ್ತೆ ನೆಟ್ಟಗೆ ಹಿಡಿದರೆ ಹೆಣ್ಣು ಜಿಂಕೆ ಕರೆದ ಹಾಗೆ ಕೇಳುತ್ತದೆ. ಅಲ್ಲಿನ ಬಿಳಿಬಾಲದ ಜಿಂಕೆಗಳಿಗೆ ಬಹಳ ಕಡೆ ನವೆಂಬರ್ ತಿಂಗಳು ಬೆದೆಗಾಲ. ಗೊರಗುಟ್ಟುವ ಸದ್ದು ಕೇಳಿದ ಗಂಡು, ತನ್ನ ಜಾಗಕ್ಕೆ ಬೇರೆ ಗಂಡು ನುಗ್ಗಿದೆ ಅಂತ ಜಗಳಕ್ಕೆ ಬರುತ್ತದೆ. ಹೆಣ್ಣಿನ ದನಿ ಕೇಳಿದರೆ ಕೂಡುವುದಕ್ಕೆ ಬರುತ್ತದೆ. ಹೊಟ್ಟೆಕಿಚ್ಚಿಗೆ ಬಂದರೂ ಗುಂಡೇ, ಪ್ರೀತಿಗೆ ಬಂದರೂ ಗುಂಡೇ.

ಜರ್ಮನಿಯಲ್ಲಿ ಇದೇ ಕೆಲಸವನ್ನು ಬೀಚ್ ಮರದ ಎಲೆಯಿಂದ ಮಾಡುತ್ತಿದ್ದರು. ಜುಲೈ ಕೊನೆ, ಆಗಸ್ಟ್ ಮೊದಲಲ್ಲಿ ಅಲ್ಲಿನ ಸಣ್ಣ ಜಾತಿಯ ರೋ ಜಿಂಕೆ ಬೆದೆಗೆ ಬರುತ್ತದೆ. ಬೇಟೆಗಾರ ಎಲೆಯನ್ನು ತುಟಿಗಿಟ್ಟು ಹೆಣ್ಣಿನ ಹಾಗೆ ಕೀಚಲು ದನಿ ತೆಗೆಯುತ್ತಾನೆ. ಈ ಬೇಟೆಗೆ ಅವರ ಭಾಷೆಯಲ್ಲಿ ಎಲೆಬೇಟೆ ಅಂತಲೇ ಹೆಸರು. ಈಗ ರಬ್ಬರಿನ ಪೀಪಿ ಬಂದಿದೆ, ಹೆಸರು ಮಾತ್ರ ಹಾಗೇ ಉಳಿದಿದೆ. ಇದನ್ನು ಓದುವಾಗ ನನ್ನ ಕಣ್ಣು ನಿಂತದ್ದು ಬೇರೆ ಕಡೆ. 1848ರ ಕ್ರಾಂತಿಯವರೆಗೂ ಅಲ್ಲಿ ಬೇಟೆಯ ಹಕ್ಕು ಬಹುಮಟ್ಟಿಗೆ ಒಡೆಯರದು. ರೈತ ತನ್ನ ಹೊಲಕ್ಕೆ ನುಗ್ಗಿದ ಪ್ರಾಣಿಯನ್ನೂ ಹೊಡೆಯುವಂತಿರಲಿಲ್ಲ. ಆದರೆ ಒಡೆಯ ಬೇಟೆಗೆ ಹೊರಟರೆ ಪೊದೆ ಬಡಿದು ಪ್ರಾಣಿ ಎಬ್ಬಿಸುವುದಕ್ಕೆ ರೈತನೇ ಹೋಗಬೇಕು, ಕೂಲಿ ಇಲ್ಲ. ಅದಕ್ಕೆ ಅವರ ಭಾಷೆಯಲ್ಲಿ ಏನೋ ಹೆಸರಿದೆ. ನಮ್ಮಲ್ಲಿ ಅದಕ್ಕೆ ಬಿಟ್ಟಿ ಚಾಕರಿ ಅಂತಾರೆ.

ಬಿಟ್ಟಿ ಚಾಕರಿ ಏನೆಂದು ನನಗೆ ಪುಸ್ತಕದಿಂದ ತಿಳಿಯಬೇಕಾಗಿರಲಿಲ್ಲ. ನಮ್ಮಜ್ಜ ಮಲೆನಾಡಿನ ಒಂದು ಕೇರಿಯಲ್ಲಿ ಎಲೆ ಊದುತ್ತಿದ್ದವನು. ಒಡೇರ ಮನೆಯಿಂದ ಹೇಳಿಕೆ ಬಂದರೆ ಕೇರಿಯ ಗಂಡಸರೆಲ್ಲ ಹಳು ನುಗ್ಗೋದಕ್ಕೆ ಹೋಗಬೇಕಿತ್ತು. ಮುಳ್ಳು, ಉಂಬಳ, ಕಾಡುಹಂದಿಯ ಕೋರೆ ಎಲ್ಲ ಅವರ ಪಾಲಿಗೆ. ಕೋವಿಯವರು ಬಿಲ್ಲಿಗೆ ಕೂತಿರುತ್ತಿದ್ದರು. ಜನ ಸಾಲದ ದಿನ, ಒಬ್ಬರೇ ಹೊರಟ ದಿನ, ಒಡೇರಿಗೆ ಅಜ್ಜ ಬೇಕು. ಅಜ್ಜ ಮರದ ಬುಡದಲ್ಲಿ ಕೂತು ಎಲೆ ಮುಟ್ಟಿ ಮುಟ್ಟಿ ಆರಿಸುತ್ತಿದ್ದನಂತೆ. ತೀರಾ ಎಳೆಯದಾದರೆ ಹರಿದುಹೋಗುತ್ತೆ, ಬಲಿತದ್ದಾದರೆ ದನಿ ಒಡೆಯುತ್ತೆ. ಎರಡು ಹೆಬ್ಬೆಟ್ಟಿನ ನಡುವೆ ಎಲೆಯನ್ನು ಬಿಗಿಯಾಗಿ ಹಿಡಿದು ಊದಿದರೆ ಅದರ ಅಂಚು ನಡುಗಿ ಕಾಡುಕುರಿಯ ಮರಿ ಅತ್ತ ಹಾಗೆ ಕೇಳುತ್ತಿತ್ತು. ಕಾಡುಕುರಿಗೆ ಇಂಥದೇ ಕಾಲ ಅಂತ ಇಲ್ಲ, ವರ್ಷದ ಯಾವ ತಿಂಗಳಲ್ಲಾದರೂ ಮರಿ ಹಾಕುತ್ತದೆ. ಹಾಗಾಗಿ ಅಜ್ಜನ ಎಲೆಗೂ ಬಿಡುವಿರಲಿಲ್ಲ.

ಬರುತ್ತಿದ್ದದ್ದು ತಾಯಿ.

ಹೊಡೆದ ಮೇಲೆ ಪಾಲು. ಕೋವಿಗೆ ಒಂದು ಪಾಲು, ಕೋವಿಯ ಒಡೆಯನಿಗೆ ಒಂದು ಪಾಲು, ನಾಯಿಗೂ ಒಂದು ಪಾಲು. ಎಲೆ ಊದಿದವನಿಗೆ ಕರುಳು, ಗೊರಸು, ಕೆಲವು ಸಲ ತಲೆ. ಅಪ್ಪ ಈಗಲೂ ಹೇಳುತ್ತಾನೆ: ‘ನಾಯಿಗೆ ಮೂಳೆ ಜೊತಿಗೆ ಒಂಚೂರು ಮಾಂಸನಾದ್ರೂ ಇರ್ತಿತ್ತು ಕಣಾ.’

ಅಜ್ಜ ಯಾಕೆ ಕೋವಿ ಇಟ್ಟುಕೊಳ್ಳಲಿಲ್ಲ ಅಂತ ಪೇಟೆಯ ಗೆಳೆಯನೊಬ್ಬ ಕೇಳಿದ. 1959ರ ಶಸ್ತ್ರಾಸ್ತ್ರ ಕಾಯ್ದೆಯಲ್ಲಿ ಬೆಳೆ ರಕ್ಷಣೆಗೆ ಕೋವಿಯ ಲೈಸೆನ್ಸು ಕೊಡಲು ಅವಕಾಶ ಇದೆ. ಬೆಳೆ ರಕ್ಷಣೆಗೆ ಕೋವಿ ಬೇಕೆಂದರೆ ಬೆಳೆ ಬೇಕು. ಬೆಳೆ ಬೇಕೆಂದರೆ ಭೂಮಿ ಬೇಕು. ಭೂಮಿ ಯಾರ ಕೈಲಿತ್ತೋ ಕೋವಿ ಅವರ ಹೆಗಲ ಮೇಲಿತ್ತು. ನಮ್ಮ ಪಾಲಿಗೆ ಉಳಿದದ್ದು ಎಲೆ. ಅದಕ್ಕೆ ಲೈಸೆನ್ಸು ಬೇಡ.

1972ರಲ್ಲಿ ವನ್ಯಜೀವಿ ಸಂರಕ್ಷಣಾ ಕಾಯ್ದೆ ಬಂತು. ಬರಬೇಕಾದ್ದೇ. ರಾಜರು, ಬಿಳಿ ಸಾಹೇಬರು, ಅವರನ್ನು ನೋಡಿ ಕಲಿತ ಊರ ಒಡೆಯರು ಕಾಡನ್ನು ಬರಿದು ಮಾಡಿದ್ದರು. ಕಡವೆ, ಸಾರಗ, ಕಾಡುಕುರಿಗೂ ಬದುಕುವ ಹಕ್ಕಿದೆ. ಆದರೆ ಆ ಕಾಯ್ದೆಯಲ್ಲಿ ಬೇಟೆ ಅಂದರೆ ಏನು ಅಂತ ಬರೆದಿರುವುದನ್ನು ನಮ್ಮ ಹುಡುಗರು ಒಮ್ಮೆ ಓದಬೇಕು. ಕೊಲ್ಲುವುದು ಮಾತ್ರ ಬೇಟೆಯಲ್ಲ. ಉರುಲು ಹಾಕುವುದು, ಹಿಡಿಯುವುದು, ಅಟ್ಟಿಕೊಂಡು ಬರುವುದು, ಆಮಿಷ ಒಡ್ಡುವುದು, ಇವುಗಳ ಪ್ರಯತ್ನ ಕೂಡ ಬೇಟೆಯೇ. ಅಂದರೆ ಕಾನೂನಿನ ಕಣ್ಣಿಗೆ ಹಳು ನುಗ್ಗಿದವನೂ ಬಿಲ್ಲಿಗೆ ಕೂತವನೂ ಒಂದೇ. ನೂರಾರು ವರ್ಷ ಒಂದೇ ಬಾವಿಯ ನೀರು ಕೊಡದ ಊರಿನಲ್ಲಿ ನಮಗೆ ಸಮಾನತೆ ಸಿಕ್ಕಿದ್ದು ಈ ಒಂದು ಕಲಮಿನಲ್ಲಿ. ಅದೂ ಕಾಗದದ ಮೇಲೆ.

ಯಾಕೆಂದರೆ 1984ರ ಮಳೆಗಾಲ ಮುಗಿದ ಮೇಲೆ ಒಂದು ರಾತ್ರಿ ಕಾಡಿನವರು ಬಂದಾಗ ಕೋವಿ ಅಡಿಕೆ ಮೂಟೆಯ ಕೆಳಗೆ ಸೇರಿತ್ತು. ಮಾಂಸ ಒಡೇರ ಅಡಿಗೆಮನೆಯಲ್ಲಿತ್ತು, ಅಲ್ಲಿಗೆ ಬೂಟುಕಾಲಿನಲ್ಲಿ ಯಾರೂ ಹೋಗುವಂತಿಲ್ಲ. ಕರುಳು ನಮ್ಮ ಗುಡಿಸಲಿನ ಮಡಕೆಯಲ್ಲಿತ್ತು, ಅಲ್ಲಿಗೆ ಯಾರು ಬೇಕಾದರೂ ನುಗ್ಗಬಹುದು. ಅಜ್ಜನನ್ನು ಎಳೆದುಕೊಂಡು ಹೋದರು. ‘ನಾನಿದೀನಲ್ಲ, ನೀ ಬಾಯಿ ಬಿಡಬ್ಯಾಡ’ ಅಂದರಂತೆ ಒಡೇರು. ಅಜ್ಜ ಬಾಯಿ ಬಿಡಲಿಲ್ಲ. ಕೇಸು ಆರು ವರ್ಷ ನಡೆಯಿತು. ಪ್ರತಿ ವಾಯಿದೆಗೂ ಬಸ್ ಚಾರ್ಜು, ವಕೀಲರ ಗುಮಾಸ್ತನಿಗೆ ಕೈಕಾಸು, ಒಂದು ದಿನದ ಕೂಲಿ ಖೋತಾ. ಎಂಟನೇ ಕ್ಲಾಸಿನಲ್ಲಿದ್ದ ಅಪ್ಪ ಸ್ಲೇಟು ಬಿಟ್ಟು ಕತ್ತಿ ಹಿಡಿದ. ಕೊನೆಗೆ ಸಾಕ್ಷಿ ಸಾಲದೆಂದು ಕೇಸು ಬಿದ್ದುಹೋಯಿತು. ಅಪ್ಪ ಬಿಟ್ಟ ಸ್ಕೂಲು ಮಾತ್ರ ವಾಪಸು ಬರಲಿಲ್ಲ. ಇವತ್ತು ನನ್ನ ಹೆಸರಿನ ಮುಂದೆ ಬಿ.ಎ. ಅಂತ ಬರೆದು ನಮ್ಮ ಮನೆಯ ಮೊದಲ ಪದವೀಧರ ಅನ್ನುತ್ತಾರಲ್ಲ, ಆ ಜಾಗ ಅಪ್ಪನದು.

ರಾಮಾಯಣದ ಮಾರೀಚನನ್ನು ನಮ್ಮ ಮೇಷ್ಟ್ರುಗಳು ಮೋಸಗಾರ ಅಂತ ಪಾಠ ಮಾಡುತ್ತಾರೆ. ಹೊನ್ನಿನ ಜಿಂಕೆಯಾಗಿ ಓಡಿದ, ಸಾಯುವಾಗ ರಾಮನ ದನಿಯಲ್ಲಿ ಲಕ್ಷ್ಮಣನನ್ನು ಕೂಗಿದ. ಅದೂ ಒಂದು ಕರೆ, ಬೇರೆಯವರ ದನಿಯಲ್ಲಿ ಕೊಟ್ಟ ಕರೆ. ಆದರೆ ವಾಲ್ಮೀಕಿ ಹೇಳುವ ಕತೆಯಲ್ಲಿ ಮಾರೀಚ ಈ ಕೆಲಸ ಬೇಡ ಅಂತ ರಾವಣನಿಗೆ ಬುದ್ಧಿ ಹೇಳುತ್ತಾನೆ. ಮಾಡದಿದ್ದರೆ ನಿನ್ನನ್ನು ನಾನೇ ಕೊಲ್ಲುತ್ತೇನೆ ಅನ್ನುತ್ತಾನೆ ರಾವಣ. ಹೋದರೂ ಸಾವು, ಹೋಗದಿದ್ದರೂ ಸಾವು. ಕೂಗಿದ ಬಾಯಿ ಮಾರೀಚನದು, ಸೀತೆ ಬೇಕಾಗಿದ್ದದ್ದು ಇನ್ನೊಬ್ಬನಿಗೆ. ಎಲೆ ಊದಿದವನ ಹಿಂದೆ ಯಾರು ಕೂತಿದ್ದಾರೆ ಅಂತ ಕೇಳದೆ ನಾವು ಎಷ್ಟು ಕತೆಗಳನ್ನು ಓದಿ ಪಾಸಾಗಿದ್ದೇವೆ!

ಇನ್ನೊಂದು ಸಂಗತಿ ನನ್ನ ನಿದ್ದೆ ಕೆಡಿಸಿದೆ. ಸೂಸನ್ ಲಿಂಗಲ್ ಮತ್ತು ಟೋಬಿಯಾಸ್ ರೀಡೆ ಎಂಬ ವಿಜ್ಞಾನಿಗಳು ಕೆನಡಾದ ಹುಲ್ಲುಗಾಡಿನಲ್ಲಿ ನಡೆದ ಒಂದು ಪ್ರಯೋಗದ ಬಗ್ಗೆ 2014ರಲ್ಲಿ ಬರೆದರು. ಮರಿ ಹಾಕಿದ ಜಿಂಕೆಗಳಿರುವ ಕಡೆ ಸ್ಪೀಕರ್ ಬಚ್ಚಿಟ್ಟು ಕಷ್ಟಕ್ಕೆ ಸಿಕ್ಕಿದ ಮರಿಗಳ ಅಳು ಕೇಳಿಸಿದರು. ಜಿಂಕೆಮರಿಯದು ಮಾತ್ರವಲ್ಲ. ಕಡಲ ಸೀಲ್ ಮರಿಯ ಅಳು, ಬೆಕ್ಕಿನ ಮರಿಯ ಅಳು, ಬಾವಲಿ ಮರಿಯ ಅಳು, ಮನುಷ್ಯರ ಹಸುಗೂಸಿನ ಅಳು. ಸ್ವರದ ಎತ್ತರ ಜಿಂಕೆಮರಿಯ ದನಿಯ ಅಳತೆಗೆ ಹತ್ತಿರ ಇದ್ದರೆ ತಾಯಿ ಜಿಂಕೆ ಸ್ಪೀಕರಿನ ಕಡೆ ಓಡಿ ಬರುತ್ತಿತ್ತು. ಅಳುತ್ತಿರುವುದು ಯಾವ ಜಾತಿಯ ಕೂಸು ಅಂತ ಅದು ನಿಂತು ಕೇಳಲಿಲ್ಲ.

ಇದನ್ನು ಓದಿದಾಗ ನನಗೆ ಕಂಬಾಲಪಲ್ಲಿ ನೆನಪಾಯಿತು. 2000ದ ಮಾರ್ಚಿನಲ್ಲಿ ಅಲ್ಲಿ ಏಳು ಜನ ದಲಿತರನ್ನು ಮನೆಯೊಳಗೆ ಕೂಡಿ ಸುಟ್ಟರು. ಆಗ ನಾನಿನ್ನೂ ಕೂಸು. ದೊಡ್ಡವನಾದ ಮೇಲೆ ಓದಿ ತಿಳಿದದ್ದು ಇಷ್ಟು: ಸಾಕ್ಷಿಗಳು ತಿರುಗಿಬಿದ್ದರು, 2006ರಲ್ಲಿ ಆರೋಪಿಗಳೆಲ್ಲ ಬಿಡುಗಡೆಯಾದರು. ಬೆಂಕಿಯೊಳಗಿನ ಕೂಗು ಯಾವ ಸ್ವರದಲ್ಲಿದ್ದರೆ ಊರಿನ ಕಿವಿಗೆ ಅದು ಕೂಸಿನ ಅಳು ಅಂತ ಕೇಳುತ್ತಿತ್ತು? ಕಾಡಿನ ಮೃಗಕ್ಕೆ ಕೇಳುವ ದನಿ ನಾಡಿನ ಮನುಷ್ಯನಿಗೆ ಕೇಳುವುದಿಲ್ಲ ಅಂದರೆ ನಾವು ಯಾರನ್ನು ಮೃಗ ಅಂತ ಕರೆಯೋಣ?

ಈಗ ನಮ್ಮ ಮನೆಯ ಸುದ್ದಿಗೆ ಬರುತ್ತೇನೆ. ಅಜ್ಜ ಅಪ್ಪನಿಗೆ ಎಲೆ ಊದೋದು ಕಲಿಸಲಿಲ್ಲ. ಚಿಕ್ಕಪ್ಪ ಮಾತ್ರ ಕದ್ದು ನೋಡಿ ಕಲಿತ. ಕಳೆದ ವರ್ಷ ನಮ್ಮ ಕಡೆಯ ಒಂದು ಹೋಂಸ್ಟೇಯವರು ಚಿಕ್ಕಪ್ಪನನ್ನು ಹುಡುಕಿಕೊಂಡು ಬಂದರು. ಸಂಜೆ ಹೊತ್ತು ಗೆಸ್ಟುಗಳ ಮುಂದೆ ಕೂತು ಎಲೆ ಊದಬೇಕು, ಕಾಡುಕುರಿ ಬಂದರೆ ಫೋಟೋ ಹೊಡೆದುಕೊಳ್ತಾರೆ, ದಿನಕ್ಕೆ ಐನೂರು ರೂಪಾಯಿ.

ನಾನು ಬೇಡ ಅಂದೆ. ಮರಿಯನ್ನು ಹುಲ್ಲಿನಲ್ಲಿ ಬಚ್ಚಿಟ್ಟು ಮೇಯೋಕೆ ಹೋದ ತಾಯಿ ಸುಳ್ಳು ಅಳು ಕೇಳಿ ಇಲ್ಲಿಗೆ ಓಡಿ ಬಂದರೆ ಅಲ್ಲಿ ಮರಿಯ ಗತಿ ಏನು ಅಂದೆ.

ಚಿಕ್ಕಪ್ಪ ನಕ್ಕ. ‘ಕೋವಿ ಇಲ್ಲ ಮಾರಾಯ, ಕ್ಯಾಮೆರಾ ಅಷ್ಟೇ. ಕೊಲ್ಲಲ್ಲ.’

‘ಕೊಲ್ಲದಿದ್ರೂ ಮೋಸ ಮೋಸಾನೇ ಚಿಕ್ಕಪ್ಪ.’

ಆಗ ಅವನು ಕೇಳಿದ ಮಾತು ನೋಡಿ: ‘ನಿನ್ನನ್ನೂ ಕರೀತಾರಲ್ಲ, ಸ್ಟೇಜ್ ಮೇಲೆ ಪದ್ಯ ಓದೋಕೆ? ನಮ್ಮ ಕೇರಿ ಅಳೋದನ್ನ ನೀನು ಓದ್ತೀಯ, ಅವ್ರು ಚಪ್ಪಾಳೆ ತಟ್ತಾರೆ, ಬಸ್ ಚಾರ್ಜು ಕೊಡ್ತಾರೆ. ನಾನು ಮರಿ ಅಳು ಊದ್ತೀನಿ, ಐನೂರು ಕೊಡ್ತಾರೆ. ಏನಾ ವ್ಯತ್ಯಾಸ?’

ಗೆಳೆಯರೆ, ಈ ಪ್ರಶ್ನೆ ಚಿಕ್ಕಪ್ಪ ನನಗೊಬ್ಬನಿಗೇ ಕೇಳಿದ್ದಲ್ಲ. ಈ ಪುಟಗಳಲ್ಲಿ ಬರೆಯುವ ಎಲ್ಲರಿಗೂ ಕೇಳಿದ್ದು. ಅವನಿಗೆ ನಾನು ಕೊಟ್ಟ ಉತ್ತರವನ್ನೇ ಇಲ್ಲಿ ಬರೆಯುತ್ತೇನೆ, ಸರಿಯೋ ತಪ್ಪೋ ನೀವು ಚರ್ಚೆ ಮಾಡಿ.

ನಮ್ಮ ಅಳು ಈಗ ಚೆನ್ನಾಗಿ ಮಾರಾಟವಾಗುತ್ತದೆ. ಚುನಾವಣೆ ಬಂದರೆ ನಮ್ಮ ಕೇರಿಯ ಭಾಷೆಯಲ್ಲೇ ಮಾತಾಡುವವರು ಹುಟ್ಟಿಕೊಳ್ಳುತ್ತಾರೆ, ಅಂಬೇಡ್ಕರ್ ಹೆಸರು ನಮಗಿಂತ ಜೋರಾಗಿ ಹೇಳುತ್ತಾರೆ. ಅದು ಕೊಳವೆಯೊಳಗಿನ ಪಟ್ಟಿಯ ಸದ್ದು. ಕಿವಿಗೆ ವ್ಯತ್ಯಾಸ ತಿಳಿಯುವುದಿಲ್ಲ. ಅದಕ್ಕೇ ದನಿಯನ್ನು ಮಾತ್ರ ಕೇಳಿ ಓಡಬಾರದು. ಕರೆಯುವವನು ಎಲ್ಲಿ ನಿಂತಿದ್ದಾನೆ, ಅವನ ಬೆನ್ನ ಹಿಂದೆ ಬಿಲ್ಲಿಗೆ ಕೂತಿರುವವರು ಯಾರು, ಬಂದವರಿಗೆ ಏನಾಗುತ್ತದೆ, ಕೊನೆಗೆ ಪಾಲು ಹಂಚುವವರು ಯಾರು ಅಂತ ನೋಡಬೇಕು. 1927ರಲ್ಲಿ ಮಹಾಡಿನ ಕೆರೆಗೆ ಜನರನ್ನು ಕರೆದ ಅಂಬೇಡ್ಕರ್ ಮರದ ಮರೆಯಲ್ಲಿ ಕೂತಿರಲಿಲ್ಲ. ಕೆರೆಗೆ ತಾವೇ ಇಳಿದು ಆ ನೀರು ಕುಡಿದರು. ಕರೆ ಅಂದರೆ ಅದು. ನನ್ನ ಪದ್ಯಕ್ಕೂ ಇದೇ ಪರೀಕ್ಷೆ. ಕೇರಿಯ ಅಳುವನ್ನು ಓದಿ ಮುಗಿಸಿ ನಾನು ಬಸ್ಸು ಹತ್ತಿದರೆ ಚಿಕ್ಕಪ್ಪ ಹೇಳಿದ್ದೇ ನಿಜ. ಓದಿದ ಮಾರನೇ ದಿನ ಅದೇ ಕೇರಿಯ ಭೂಮಿಯ ಅರ್ಜಿ ಹಿಡಿದು ತಾಲ್ಲೂಕು ಕಚೇರಿಯ ಮೆಟ್ಟಿಲ ಮೇಲೆ ಅವರ ಜೊತೆ ಕೂತರೆ ಅದು ಬೇರೆ.

ಚಿಕ್ಕಪ್ಪ ಇದನ್ನೆಲ್ಲ ಕೇಳಿ ಬಹಳ ಹೊತ್ತು ಸುಮ್ಮನಿದ್ದ. ಆಮೇಲೆ ‘ಮಳೆಗಾಲದಲ್ಲಿ ಕೂಲಿ ಇಲ್ದಾಗ ಐನೂರು ಯಾರು ಕೊಡ್ತಾರೆ, ಅದನ್ನೂ ಹೇಳು’ ಅಂದ. ಅವನು ಹೋಂಸ್ಟೇಗೆ ಹೋಗುತ್ತಿದ್ದಾನೆ. ನಾನು ಜಗಳ ಆಡಿಲ್ಲ. ಒಂದೂವರೆ ಎಕರೆಗೆ ಬಗರ್‌ಹುಕುಂ ಅರ್ಜಿ ನಮ್ಮ ಅಪ್ಪನ ಹೆಸರಿನಲ್ಲಿ ಹಾಕಿ ಹದಿಮೂರು ವರ್ಷ ಆಯಿತು. ಬರುವ ಸೋಮವಾರ ಕೇರಿಯ ಹನ್ನೊಂದು ಮನೆಯವರ ಜೊತೆ ತಹಶೀಲ್ದಾರರ ಹತ್ತಿರ ಹೋಗುತ್ತಿದ್ದೇವೆ. ಚಿಕ್ಕಪ್ಪನೂ ಬರುತ್ತೇನೆ ಅಂದಿದ್ದಾನೆ.